ಬರಿಯ ಬೆಳಕಿನಲ್ಲಿ ಕಂಡ ಬಣ್ಣಗಳು

ಕೆಲವು ವರ್ಷಗಳ ಹಿಂದೆ ಬೆಂಗಳೂರಿನ ಚಿತ್ರಸಮಾಜವೊಂದು ಅಮೆರಿಕದ ಟೋನಿ ಕಾನ್ರಾಡ್ ಅವರ ‘ದ ಫ್ಲಿಕರ್’ (1966) ಕಿರುಚಿತ್ರವನ್ನು ಪ್ರದರ್ಶಿಸಿತು. ನಾನು ಒಳಗೆ ಕುಳಿತೆ. ಜೊತೆಗೆ ಬಂದಿದ್ದ ತಮ್ಮ ಹೊರಗೇ ಉಳಿದ. ಅವನಿಗೆ ಮೂರ್ಛೆರೋಗವಿದೆ. ಅಂಥವರಿಗೆ ಈ ಚಿತ್ರದಿಂದ ಅಪಾಯವಾಗಬಹುದೆಂಬ ಎಚ್ಚರಿಕೆ ಚಿತ್ರದ ಆರಂಭದಲ್ಲೇ ಇದೆ. ವೈದ್ಯರೊಬ್ಬರು ಹಾಜರಿರಬೇಕೆಂದೂ ಅದು ಹೇಳುತ್ತದೆ. ಪ್ರಚಾರದ ತಂತ್ರವೆಂದು ಒಂದಿಬ್ಬರು ನಕ್ಕರು.

ಅರ್ಧ ಗಂಟೆಯ ಈ ಚಿತ್ರದಲ್ಲಿ ಕಥೆಯಿಲ್ಲ, ಪಾತ್ರಗಳಿಲ್ಲ, ದೃಶ್ಯವೆಂಬುದೇ ಇಲ್ಲ. ಇರುವುದು ಪೂರ್ತಿ ಕಪ್ಪು ಅಥವಾ ಪೂರ್ತಿ ಬಿಳಿ ಫ್ರೇಮುಗಳು ಮಾತ್ರ. ಸೆಕೆಂಡಿಗೆ 4ರಿಂದ 24 ಬಾರಿಯವರೆಗೆ, ಬೇರೆಬೇರೆ ಲಯಗಳಲ್ಲಿ, ಅವು ಮಿನುಗುತ್ತವೆ. ಹಾರ್ವರ್ಡ್‌ನಲ್ಲಿ ಗಣಿತ ಓದಿದ್ದ, ಸಂಗೀತಗಾರರೂ ಆಗಿದ್ದ ಕಾನ್ರಾಡ್ ಸ್ವರಗಳನ್ನು ಹೊಂದಿಸುವ ಹಾಗೆ ಬೆಳಕನ್ನು ಹೊಂದಿಸಿದ್ದಾರೆ. ಮೊದಲ ಐದು ನಿಮಿಷ ಬೇಸರವಾಯಿತೆಂದು ಒಪ್ಪಿಕೊಳ್ಳುತ್ತೇನೆ. ಅನಂತರ ಬಣ್ಣಗಳು ಬಂದವು. ಫಿಲ್ಮಿನ ಮೇಲೆ ಎಲ್ಲಿಯೂ ಇಲ್ಲದ ನೇರಳೆ, ತಿಳಿಹಸಿರು. ತಿರುಗುವ ಚಕ್ರಗಳು, ಬಲೆಯಂತಹ ಗೆರೆಗಳು. ಪಕ್ಕದಲ್ಲಿದ್ದವರಿಗೆ ಕಂಡದ್ದೇ ಬೇರೆ.

ಇದು ಕಣ್ಕಟ್ಟಲ್ಲ. ಬಿಸಿಲಿಗೆ ಮುಖವೊಡ್ಡಿ, ಮುಚ್ಚಿದ ಕಣ್ಣುಗಳ ಮುಂದೆ ಬೆರಳಾಡಿಸಿದರೆ ಆಕೃತಿಗಳು ಮೂಡುತ್ತವೆಂದು ಜೆಕ್ ವಿಜ್ಞಾನಿ ಪುರ್ಕಿನ್ಯೆ 1819ರಲ್ಲೇ ಬರೆದಿದ್ದರು. ಮಿನುಗುವ ದೀಪಕ್ಕೆ ಮಿದುಳಿನ ವಿದ್ಯುತ್ ಲಯ ಸ್ಪಂದಿಸುವ ಬಗೆಯನ್ನು 1940ರ ದಶಕದಲ್ಲಿ ಬ್ರಿಸ್ಟಲ್‌ನ ಗ್ರೇ ವಾಲ್ಟರ್ ದಾಖಲಿಸಿದರು. ಆ ಬಣ್ಣಗಳು ನಮ್ಮ ನರಮಂಡಲದವು, ಪರದೆಯವಲ್ಲ. ಕೆಲವರಲ್ಲಿ ಅದೇ ಸ್ಪಂದನ ಹತೋಟಿ ಮೀರಿ ಸೆಳವಾಗುತ್ತದೆ. ಸ್ಟ್ಯಾನ್ ಬ್ರಾಕೇಜ್ ಅವರ ‘ಮಾತ್‌ಲೈಟ್’ (1963) ಕ್ಯಾಮೆರಾ ಇಲ್ಲದೆ, ಪತಂಗದ ರೆಕ್ಕೆಗಳನ್ನೂ ಎಲೆ, ದಳಗಳನ್ನೂ ಪಾರದರ್ಶಕ ಪಟ್ಟಿಗೆ ಅಂಟಿಸಿ ಮಾಡಿದ ಚಿತ್ರ. ಅಲ್ಲಿ ನೋಡಲು ಒಂದು ರೆಕ್ಕೆಯಾದರೂ ಇದೆ. ಕಾನ್ರಾಡ್ ಅದನ್ನೂ ಉಳಿಸಲಿಲ್ಲ. ನನ್ನ ಮಟ್ಟಿಗೆ ಅದೇ ಹೆಚ್ಚಿನ ಧೈರ್ಯ.

ತಮ್ಮ ಎಂಟು ವರ್ಷದವನಿದ್ದಾಗ, ಹುಣಸೂರು ರಸ್ತೆಯ ಸಾಲುಮರಗಳ ನಡುವೆ ಬಸ್ಸು ಓಡುತ್ತಿದ್ದರೆ, ಎಲೆಗಳ ಸಂದಿಯ ಬಿಸಿಲು ಮುಖದ ಮೇಲೆ ಮಿನುಗುತ್ತಿದ್ದಂತೆ ಕಣ್ಣು ಮುಚ್ಚಿಕೊಂಡುಬಿಡುತ್ತಿದ್ದ. ಬಣ್ಣದ ಚಕ್ರಗಳು ಬರುತ್ತಿವೆ ಎನ್ನುತ್ತಿದ್ದ. ಕಿಟಕಿ ಪಕ್ಕದ ಸೀಟಿಗಾಗಿ ಜಗಳವಾಡಿ ಈಗ ಸೋಗು ಹಾಕುತ್ತಾನೆಂದು ಮನೆಮಂದಿಯೆಲ್ಲ ನಗುತ್ತಿದ್ದೆವು. ಒಮ್ಮೆ ಅವನ ಎರಡೂ ಕೈಗಳನ್ನು ಹಿಡಿದು ಬಿಡಿಸಿ, ‘ಎಲ್ಲಿದೆಯೋ ಚಕ್ರ, ತೋರಿಸು’ ಎಂದವನು ನಾನೇ. ವೈದ್ಯರು ರೋಗವನ್ನು ಗುರುತಿಸಿದ್ದು ಅದಾದ ಎರಡು ವರ್ಷಗಳ ಮೇಲೆ.

ಪ್ರದರ್ಶನ ಮುಗಿದು ಹೊರಗೆ ಬಂದಾಗ ಅವನು ಮೆಟ್ಟಿಲ ಮೇಲೆ ಕುಳಿತಿದ್ದ. ಕಂಡದ್ದನ್ನು ಹೇಳಿದೆ. ತುಸು ಹೊತ್ತು ಸುಮ್ಮನಿದ್ದು ಕೇಳಿದ: ‘ಚಕ್ರ ಎಡಕ್ಕೆ ತಿರುಗುತ್ತಿತ್ತೋ, ಬಲಕ್ಕೋ ಅಣ್ಣ?’