ನಿಪ್ಪಾಣಿ ಕೇಳದೇ ಬಂದ ಶಾಸಕ: ಮುಂಬೈನ ನಾನಾ ಶಂಕರಶೇಟ್

'ದುಡ್ಡಿದ್ದವರೇ ನಿಲ್ತಾರ, ದುಡ್ಡಿದ್ದವರೇ ಗೆಲ್ತಾರ. ಕಾಲ ಕೆಟ್ಟೈತಿ.' ಚುನಾವಣೆ ಬಂದಾಗಲೆಲ್ಲ ನಮ್ಮ ನಿಪ್ಪಾಣಿಯ ಚಹಾದಂಗಡಿಯಲ್ಲಿ ನಾನು ಕೇಳೋ ಮಾತಿದು. ಆದರೆ ಕೆಟ್ಟಿದ್ದು ಈಗಿನ ಕಾಲ ಮಾತ್ರಾನಾ?

1862ಕ್ಕೆ ಹೋಗೋಣ. ಬೆಳಗಾವಿ ಜಿಲ್ಲೆ ಆಗ ಮುಂಬೈ ಪ್ರಾಂತ್ಯದಲ್ಲಿತ್ತು. ನಮಗೆ ಕಾನೂನು ಆಗುತ್ತಿದ್ದದ್ದು ಮುಂಬೈ ಶಾಸನ ಪರಿಷತ್ತಿನಲ್ಲಿ. ಅಲ್ಲಿ ಕೂತ ಮೊದಲ ಭಾರತೀಯರಲ್ಲಿ ಒಬ್ಬರು ಜಗನ್ನಾಥ ಶಂಕರಶೇಟ್. ಜನ ಕರೀತಿದ್ದದ್ದು 'ನಾನಾ' ಅಂತ.

ಯಾರೀ ನಾನಾ?

1803ರಲ್ಲಿ ಹುಟ್ಟಿದ ಇವರು ದೈವಜ್ಞ ಸಮುದಾಯದ ದೊಡ್ಡ ವ್ಯಾಪಾರಿ. ಅರಬ್, ಅಫ್ಘನ್ ವರ್ತಕರು ಬ್ಯಾಂಕಿಗಿಂತ ಇವರನ್ನೇ ನಂಬಿ ಹಣ ಇಡುತ್ತಿದ್ದರಂತೆ. 1853ರ ಏಪ್ರಿಲ್ 16ರಂದು ಬೋರಿಬಂದರ್‌ನಿಂದ ಠಾಣೆಗೆ ರೈಲು ಓಡಿತಲ್ಲ, ಆ ರೈಲ್ವೆಗಾಗಿ ದುಡಿದ ಭಾರತೀಯರಲ್ಲಿ ಇವರೂ ಒಬ್ಬರು. ಹೆಣ್ಣುಮಕ್ಕಳ ಶಾಲೆಗೆ ವಿರೋಧವಿದ್ದ ಕಾಲದಲ್ಲೇ ಅದಕ್ಕೆ ಜಾಗ ಕೊಟ್ಟರು. 1852ರಲ್ಲಿ ಬಾಂಬೆ ಅಸೋಸಿಯೇಷನ್ ಕಟ್ಟಿ, ಭಾರತೀಯರ ಅಹವಾಲನ್ನು ಬ್ರಿಟಿಷ್ ಸಂಸತ್ತಿಗೆ ಮುಟ್ಟಿಸಿದವರಲ್ಲೂ ಇದ್ದರು. 1865ರಲ್ಲಿ ತೀರಿಕೊಂಡರು.

ಅಂದರೆ ಕೆಟ್ಟ ಮನುಷ್ಯರಲ್ಲ. ತೊಂದರೆ ಇದ್ದದ್ದು ಅವರು ಕೂತ ಕುರ್ಚಿಯಲ್ಲಿ.

ಬಾಯಿ ಕಟ್ಟಿದ ಸಭೆ

1861ರ ಕಾಯ್ದೆ ಪ್ರಕಾರ ಸದಸ್ಯರನ್ನು ಆರಿಸುತ್ತಿದ್ದವರು ಗವರ್ನರ್. ಮತದಾನವೇ ಇರಲಿಲ್ಲ. ಸದಸ್ಯರು ಸರ್ಕಾರಕ್ಕೆ ಪ್ರಶ್ನೆ ಕೇಳುವಂತಿರಲಿಲ್ಲ, ಬಜೆಟ್ ಚರ್ಚಿಸುವಂತಿರಲಿಲ್ಲ. ಆ ಅವಕಾಶ ಸಿಕ್ಕಿದ್ದು 1892ರ ಕಾಯ್ದೆಯಿಂದ, ಅದೂ ಅಷ್ಟಿಷ್ಟು. ಎಲ್ಲ ವಯಸ್ಕರಿಗೂ ವೋಟು ಹಾಕಲು ಸಿಕ್ಕಿದ್ದು 1951-52ರ ಚುನಾವಣೆಯಲ್ಲಿ. ಸರ್ಕಾರದ ಕಣ್ಣಿಗೆ ಬೀಳೋಕೆ ಅಲ್ಲಿವರೆಗೆ ಆಸ್ತಿ, ವ್ಯಾಪಾರ, ಹೆಸರು ಬೇಕಿತ್ತು.

ಈಗೇನು ಬದಲಾಗಿದೆ?

ನಮ್ಮೂರಲ್ಲಿ ಬೀಡಿ ಸುತ್ತುವ ಹೆಣ್ಣುಮಗಳೂ ಇವತ್ತು ವಿಧಾನಸಭೆಗೆ ನಿಲ್ಲಬಹುದು. ಠೇವಣಿ 10,000 ರೂಪಾಯಿ, ಎಸ್‌ಸಿ-ಎಸ್‌ಟಿ ಅಭ್ಯರ್ಥಿಗೆ 5,000. ಆದರೆ ಕರ್ನಾಟಕದಲ್ಲಿ ಒಬ್ಬ ಅಭ್ಯರ್ಥಿ ಕಾನೂನುಬದ್ಧವಾಗಿಯೇ 40 ಲಕ್ಷದವರೆಗೆ ಖರ್ಚು ಮಾಡಬಹುದು. ಸಾವಿರ ಬೀಡಿಗೆ ಇಷ್ಟು ಅಂತ ಕೂಲಿ ಪಡೆಯುವಾಕೆ ಆ ಎದುರಾಳಿ ಮುಂದೆ ಹೇಗೆ ನಿಲ್ಲಬೇಕು?

ವ್ಯಾಪಾರಿ ಶಾಸಕನಾಗೋದು ತಪ್ಪಲ್ಲ. ಬೀಡಿ ಕಾರ್ಮಿಕರ ಕೂಲಿ ಬಗ್ಗೆ ಸದನದಲ್ಲಿ ಮಾತು ಬಂದಾಗ ಅವನು ಯಾರ ಪರ ಕೂತಿದ್ದಾನೆ ಅನ್ನೋದನ್ನ ನೋಡಬೇಕು. ನಾನಾ ಅವರನ್ನು ಕೇಳುವ ಹಕ್ಕು ನಿಪ್ಪಾಣಿಗೆ ಇರಲಿಲ್ಲ. ನಮಗಿದೆ. ಅಭ್ಯರ್ಥಿಯ ಆಸ್ತಿ, ಸಾಲ, ಕೇಸು ಎಲ್ಲಾ ಅಫಿಡವಿಟ್‌ನಲ್ಲಿರುತ್ತೆ. ಮುಂದಿನ ಸಲ ವೋಟು ಕೇಳೋಕೆ ಬಂದಾಗ, ಅದನ್ನು ಓದಿಕೊಂಡೇ ಬಾಗಿಲು ತೆಗೆಯೋಣ.