ಜಾಮೀನಿನ ಸಹಿ ಮತ್ತು ನ್ಯಾಯಾಲಯದ ಬಾಗಿಲು

ಸೋದರಳಿಯನೋ ಬೀಗರ ಮಗನೋ ಚಿಕ್ಕದೊಂದು ಕೈಗಾರಿಕೆ ಆರಂಭಿಸಲು ಹೊರಟಾಗ ಅವನ ಸಾಲಕ್ಕೆ ಜಾಮೀನು ನಿಲ್ಲುವುದು ನಮ್ಮ ಕುಟುಂಬಗಳಲ್ಲಿ ದಾಕ್ಷಿಣ್ಯದ ಮಾತು. ಸಹಿ ಹಾಕುವ ಮುನ್ನ ಕಾಗದವನ್ನು ಪೂರ್ಣವಾಗಿ ಓದುವವರು ವಿರಳ. ಉದ್ಯಮ ನಷ್ಟಕ್ಕೀಡಾಗಿ ಮನೆಗೆ ನೋಟೀಸು ಬಂದಾಗಲೇ ಆ ಸಹಿಯ ಭಾರ ಅರಿವಿಗೆ ಬರುತ್ತದೆ. ಆಗ ನ್ಯಾಯಾಲಯಕ್ಕೆ ಹೋದರಾಯಿತೆಂಬ ಸಲಹೆ ಎಲ್ಲೆಡೆಯಿಂದ ಕೇಳಿಬರುತ್ತದೆ. ಆದರೆ ನ್ಯಾಯಾಲಯವು ಏನನ್ನು ಕೊಡಬಲ್ಲದು, ಏನನ್ನು ಕೊಡಲಾರದು ಎಂಬುದನ್ನು ಪ್ರತಿಯೊಂದು ಕುಟುಂಬವೂ ಮೊದಲೇ ತಿಳಿದಿರುವುದು ಲೇಸು.

ಸಣ್ಣ ಮತ್ತು ಮಧ್ಯಮ ಕೈಗಾರಿಕೆಗಳಿಗೆ ಬಂಡವಾಳ ಒದಗಿಸಲೆಂದು 1951ರಲ್ಲಿ ರಾಜ್ಯ ಹಣಕಾಸು ಸಂಸ್ಥೆಗಳ ಅಧಿನಿಯಮವನ್ನು ರಚಿಸಲಾಯಿತು. ಕರ್ನಾಟಕ ರಾಜ್ಯ ಹಣಕಾಸು ಸಂಸ್ಥೆಯು ಅದರ ಅಡಿಯಲ್ಲಿ 1959ರಲ್ಲಿ ಸ್ಥಾಪಿತವಾಯಿತು. ಈ ಅಧಿನಿಯಮದ 29ನೆಯ ಕಲಮು ಸಂಸ್ಥೆಗೆ ದೊಡ್ಡ ಅಧಿಕಾರವನ್ನು ನೀಡಿದೆ. ಸಾಲ ಮರುಪಾವತಿ ಮಾಡದ ಉದ್ಯಮವನ್ನೂ ಅದರ ಅಡಮಾನದ ಆಸ್ತಿಯನ್ನೂ ನ್ಯಾಯಾಲಯದ ಅಪ್ಪಣೆಯಿಲ್ಲದೆಯೇ ವಶಕ್ಕೆ ಪಡೆದು ಮಾರಬಹುದು. 31ನೆಯ ಕಲಮಿನ ಮಾರ್ಗ ಬೇರೆ. ಅಲ್ಲಿ ಸಂಸ್ಥೆಯು ಜಿಲ್ಲಾ ನ್ಯಾಯಾಧೀಶರ ಮುಂದೆ ಅರ್ಜಿ ಸಲ್ಲಿಸಬೇಕು.

ಜಾಮೀನುದಾರನ ಆಸ್ತಿಯನ್ನೂ 29ನೆಯ ಕಲಮಿನಂತೆ ನೇರವಾಗಿ ವಶಪಡಿಸಿಕೊಳ್ಳಬಹುದೇ? ನಮ್ಮ ರಾಜ್ಯದ ಹಣಕಾಸು ಸಂಸ್ಥೆಯೇ ಕಕ್ಷಿಯಾಗಿದ್ದ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು 2008ರಲ್ಲಿ ಇದಕ್ಕೆ ಉತ್ತರ ನೀಡಿತು. ಆ ಕಲಮು ಸಾಲ ಪಡೆದ ಉದ್ಯಮಕ್ಕೆ ಮಾತ್ರ ಅನ್ವಯಿಸುತ್ತದೆ. ಜಾಮೀನುದಾರನ ಆಸ್ತಿಗೆ ಅದನ್ನು ಬಳಸುವಂತಿಲ್ಲ. 31ನೆಯ ಕಲಮಿನ ಮಾರ್ಗದಲ್ಲಿ ನ್ಯಾಯಾಲಯದ ಮೂಲಕ ಸಾಗಬೇಕು ಎಂಬುದು ತೀರ್ಪಿನ ಸಾರ. ಹೀಗೆ ಜಾಮೀನುದಾರನಿಗೆ ತನ್ನ ಅಹವಾಲನ್ನು ನ್ಯಾಯಾಧೀಶರ ಮುಂದಿಡುವ ಅವಕಾಶ ಉಳಿಯಿತು.

ಇದರಿಂದ ಹೊಣೆಯೇ ಅಳಿಯಿತೆಂದು ಭಾವಿಸಬಾರದು. 1872ರ ಭಾರತೀಯ ಕರಾರು ಅಧಿನಿಯಮದ 128ನೆಯ ಕಲಮಿನ ಪ್ರಕಾರ, ಕರಾರಿನಲ್ಲಿ ಬೇರೆ ರೀತಿ ಹೇಳಿರದಿದ್ದರೆ, ಜಾಮೀನುದಾರನ ಹೊಣೆ ಸಾಲಗಾರನ ಹೊಣೆಯಷ್ಟೇ ಇರುತ್ತದೆ. ಆದರೆ ಸಾಲವನ್ನು ತಾನೇ ತೀರಿಸಿದ ಜಾಮೀನುದಾರನಿಗೆ, ಸಾಲಗಾರನ ವಿರುದ್ಧ ಸಾಲಕೊಟ್ಟವರಿಗಿದ್ದ ಹಕ್ಕುಗಳೆಲ್ಲವೂ 140ನೆಯ ಕಲಮಿನಂತೆ ದೊರೆಯುತ್ತವೆ.

ಇನ್ನು ಏಕಕಾಲಿಕ ತೀರುವಳಿಯ ವಿಚಾರ. ಬಡ್ಡಿಯಲ್ಲಿ ರಿಯಾಯಿತಿ ನೀಡಿ ಒಂದು ನಿಗದಿತ ಮೊತ್ತಕ್ಕೆ ಸಾಲದ ಲೆಕ್ಕವನ್ನು ಮುಗಿಸುವ ಈ ಯೋಜನೆಯನ್ನು ಜನ ಓ.ಟಿ.ಎಸ್. ಎನ್ನುತ್ತಾರೆ. ಇದನ್ನು ಕೊಡಿಸಬೇಕೆಂದು ಉಚ್ಚ ನ್ಯಾಯಾಲಯಗಳಿಗೆ ರಿಟ್ ಅರ್ಜಿ ಸಲ್ಲಿಸುವವರು ಅನೇಕರು. ಬಿಜನೋರಿನ ಸಹಕಾರಿ ಬ್ಯಾಂಕೊಂದರ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು 2021ರ ಡಿಸೆಂಬರಿನಲ್ಲಿ, ಇಂತಹ ರಿಯಾಯಿತಿಯನ್ನು ಯಾವ ಸಾಲಗಾರನೂ ಹಕ್ಕೆಂದು ಕೇಳಲಾಗದು ಎಂದು ಹೇಳಿತು. ತೀರುವಳಿಗೆ ಒಪ್ಪಿದ ಮೇಲೆ ಹಣ ಕಟ್ಟುವ ಗಡುವನ್ನು ಉಚ್ಚ ನ್ಯಾಯಾಲಯವು ವಿಸ್ತರಿಸುವುದೂ ಸರಿಯಲ್ಲವೆಂದು 2022ರ ಮತ್ತೊಂದು ಬ್ಯಾಂಕಿನ ಪ್ರಕರಣದಲ್ಲಿ ತೀರ್ಮಾನಿಸಿತು. ಆದುದರಿಂದ ಹಣವನ್ನು ಹೊಂದಿಸಿಕೊಳ್ಳದೆ ತೀರುವಳಿ ಪತ್ರಕ್ಕೆ ಸಹಿ ಹಾಕುವುದು ಅಪಾಯಕರ.

ಸರ್ಕಾರಿ ಸಂಸ್ಥೆ ನ್ಯಾಯವಾಗಿ ನಡೆಯಬೇಕೆಂಬುದು ನಿಜ. ಆದರೆ ನ್ಯಾಯಯುತ ನಡತೆ ಒಂದು ಪಕ್ಷದ ಕರ್ತವ್ಯ ಮಾತ್ರವಲ್ಲ, ಸಾಲಗಾರನೂ ಪ್ರಾಮಾಣಿಕನಾಗಿರಬೇಕೆಂದು ಉತ್ತರ ಪ್ರದೇಶ ಹಣಕಾಸು ಸಂಸ್ಥೆಯ ಪ್ರಕರಣದಲ್ಲಿ 1993ರಲ್ಲಿಯೇ ಸರ್ವೋಚ್ಚ ನ್ಯಾಯಾಲಯ ನುಡಿದಿದೆ. ಕಾನೂನಿನ ಕ್ರಮ ತಪ್ಪಿದ್ದರೆ ನ್ಯಾಯಾಲಯ ತಿದ್ದೀತು; ಸಾಲವನ್ನು ಮನ್ನಾ ಮಾಡದು.

ನೋಟೀಸು ಬಂದ ದಿನವೇ ಕರಾರುಪತ್ರ, ಕಟ್ಟಿದ ಹಣದ ರಸೀದಿ, ಲೆಕ್ಕದ ವಿವರಗಳನ್ನು ಒಟ್ಟುಗೂಡಿಸಿ ವಕೀಲರನ್ನು ಕಾಣಬೇಕು. ಉತ್ತರವನ್ನು ಲಿಖಿತವಾಗಿಯೇ ನೀಡಬೇಕು. ಅದಕ್ಕಿಂತ ಮೊದಲು, ಜಾಮೀನಿಗೆ ಸಹಿ ಹಾಕುವ ಮುನ್ನ ಮಡದಿ ಮಕ್ಕಳೊಡನೆ ಕುಳಿತು ಒಂದು ಪ್ರಶ್ನೆ ಕೇಳಿಕೊಳ್ಳಬೇಕು: ಈ ಸಾಲವನ್ನು ನಾವೇ ತೀರಿಸಬೇಕಾಗಿ ಬಂದರೆ ಇರುವ ಮನೆ ಉಳಿದೀತೇ? ಉಳಿಯದೆಂದು ತೋರಿದರೆ ಬಂಧುವಿಗೆ ವಿನಯದಿಂದ ಇಲ್ಲವೆನ್ನುವುದೇ ಇಬ್ಬರಿಗೂ ಹಿತ.