ಚೋಮ, ವೆಂಕಯ್ಯ ಮತ್ತು ಒಬ್ಬ ಪೋಷಕ ನಟ

ಎಂ.ವಿ. ವಾಸುದೇವರಾವ್ (1921–2002) ಕನ್ನಡ ಚಿತ್ರರಂಗಕ್ಕೆ ಶ್ರೇಷ್ಠ ನಟ ರಾಷ್ಟ್ರಪ್ರಶಸ್ತಿಯನ್ನು ಮೊದಲ ಬಾರಿಗೆ ತಂದುಕೊಟ್ಟ ಕಲಾವಿದ. ಅವರು ನಾಯಕ ನಟರಲ್ಲ. ಬದುಕಿನ ಬಹುಭಾಗವನ್ನು ನಾಟಕ ಕಂಪನಿಯಲ್ಲೂ ಸಿನಿಮಾದ ಸಣ್ಣಪುಟ್ಟ ಪಾತ್ರಗಳಲ್ಲೂ ಕಳೆದ ಪೋಷಕ ನಟ. ಐವತ್ತು ದಾಟಿದ ಮೇಲೆ ದೊರೆತ ಎರಡು ಪಾತ್ರಗಳು ಅವರನ್ನು ಭಾರತದ ಕಲಾತ್ಮಕ ಚಿತ್ರಗಳ ಮುಖ್ಯ ನಟರ ಸಾಲಿಗೆ ಸೇರಿಸಿದವು.

ಅವರು ಅಭಿನಯ ಕಲಿತದ್ದು ಗುಬ್ಬಿ ವೀರಣ್ಣನವರ ನಾಟಕ ಕಂಪನಿಯಲ್ಲಿ, ಬಾಲನಟನಾಗಿ. ಕೊನೆಯ ಸಾಲಿನ ಪ್ರೇಕ್ಷಕನಿಗೂ ಮಾತು ತಲುಪಬೇಕಿದ್ದ ಕಂಪನಿ ನಾಟಕದಲ್ಲಿ ಗಟ್ಟಿ ದನಿ, ಹಾಡು, ದೊಡ್ಡ ಹಾವಭಾವ ನಟನಿಗೆ ಬೇಕೇಬೇಕಿದ್ದವು. ತಾಳ, ಲಯ, ಮೈಯನ್ನು ಪಾತ್ರಕ್ಕೆ ತಕ್ಕಂತೆ ಪಳಗಿಸುವ ಶಿಸ್ತು ಅಲ್ಲಿ ಎಳವೆಯಲ್ಲೇ ಮೈಗೂಡುತ್ತಿತ್ತು. ಅಲ್ಲಿಂದ ಸಿನಿಮಾಕ್ಕೆ ಬಂದ ವಾಸುದೇವರಾವ್ ವರ್ಷಗಟ್ಟಲೆ ಚಿಕ್ಕ ಪಾತ್ರಗಳನ್ನೇ ಮಾಡಿದರು.

1970ರಲ್ಲಿ ಪಟ್ಟಾಭಿರಾಮ ರೆಡ್ಡಿಯವರ ‘ಸಂಸ್ಕಾರ’ದೊಂದಿಗೆ ಕನ್ನಡದಲ್ಲಿ ಹೊಸ ಅಲೆ ಎದ್ದಿತು. ಕಡಿಮೆ ವೆಚ್ಚ, ಸಾಹಿತ್ಯ ಕೃತಿಯ ಆಧಾರ, ಸಾಮಾಜಿಕ ಪ್ರಶ್ನೆಗಳು ಈ ಚಿತ್ರಗಳ ಗುರುತಾದವು. ತಾರೆಯರ ಹೆಸರಿಗಿಂತ ಪಾತ್ರಕ್ಕೆ ಒಪ್ಪುವ ಮುಖ ಮುಖ್ಯವಾಯಿತು. 1975ರಲ್ಲಿ ಬಿ.ವಿ. ಕಾರಂತರು ಶಿವರಾಮ ಕಾರಂತರ 1933ರ ಕಾದಂಬರಿ ‘ಚೋಮನ ದುಡಿ’ಯನ್ನು ತೆರೆಗೆ ತಂದಾಗ ಚೋಮನ ಪಾತ್ರ ವಾಸುದೇವರಾವ್ ಅವರ ಪಾಲಿಗೆ ಬಂತು. ನಿರ್ದೇಶಕ ಕಾರಂತರೂ ಹುಡುಗನಾಗಿದ್ದಾಗ ಗುಬ್ಬಿ ಕಂಪನಿಯಲ್ಲಿದ್ದವರು. ಒಂದೇ ಮನೆಯಲ್ಲಿ ಪಳಗಿದ ಇಬ್ಬರು ಇಲ್ಲಿ ಒಂದಾದರು.

ಚೋಮ ದಕ್ಷಿಣ ಕನ್ನಡದ ದಲಿತ ಜೀತದಾಳು. ತನ್ನದೇ ತುಂಡು ನೆಲವನ್ನು ತಾನೇ ಉಳಬೇಕೆಂಬುದು ಅವನ ಒಂದೇ ಆಸೆ. ಮನೆಯಲ್ಲಿ ಜೋಡಿ ಎತ್ತುಗಳಿವೆ, ಆದರೆ ಅವನ ಜಾತಿಗೆ ಬೇಸಾಯದ ಹಕ್ಕಿಲ್ಲ. ಸಾಲ ತೀರಿಸಲು ಮಕ್ಕಳು ಘಟ್ಟದ ಕಾಫಿ ತೋಟಕ್ಕೆ ದುಡಿಯಲು ಹೋಗುತ್ತಾರೆ. ರಾಯಚೂರು ಸೀಮೆಯ ದೇವದುರ್ಗ, ಮಾನ್ವಿಯ ಕಡೆಯಿಂದ ಗುಳೆ ಹೋಗುವ ಕುಟುಂಬಗಳನ್ನು ಕಂಡವರಿಗೆ ಕರಾವಳಿಯ ಈ ಕತೆ ದೂರದ್ದೆನಿಸದು. ಮಕ್ಕಳು ಒಬ್ಬೊಬ್ಬರಾಗಿ ಕೈತಪ್ಪಿಹೋಗುವಾಗ ಚೋಮ ತನ್ನ ಕೋಪವನ್ನೂ ದುಃಖವನ್ನೂ ಬಾಯಲ್ಲಿ ಆಡದೆ ದುಡಿ ಎಂಬ ವಾದ್ಯದಲ್ಲಿ ಬಾರಿಸುತ್ತಾನೆ. ಕಡೆಗೆ ಬಾರಿಸುತ್ತಲೇ ಪ್ರಾಣ ಬಿಡುತ್ತಾನೆ. ಮಾತಿಗಿಂತ ಲಯಕ್ಕೆ ಹೆಚ್ಚು ಜಾಗವಿರುವ ಈ ಪಾತ್ರದಲ್ಲಿ ಕಂಪನಿ ನಟನ ತಾಳಜ್ಞಾನಕ್ಕೆ ಪೂರ್ತಿ ಕೆಲಸ ಸಿಕ್ಕಿತು. ಏರುದನಿಯ ಸಂಭಾಷಣೆಯನ್ನು ಮಾತ್ರ ಅವರು ರಂಗದ ಮೇಲೆಯೇ ಬಿಟ್ಟು ಬಂದಿದ್ದರು.

ಚಿತ್ರ ತಯಾರಾದ ವರ್ಷವೇ, 1975ರ ಅಕ್ಟೋಬರ್ 25ರಂದು, ಜೀತ ಪದ್ಧತಿಯನ್ನು ದೇಶದಾದ್ಯಂತ ನಿಷೇಧಿಸುವ ಸುಗ್ರೀವಾಜ್ಞೆ ಜಾರಿಗೆ ಬಂತು. ‘ಚೋಮನ ದುಡಿ’ ಆ ಸಾಲಿನ ಶ್ರೇಷ್ಠ ಚಿತ್ರವಾಗಿ ಸ್ವರ್ಣ ಕಮಲ ಪಡೆಯಿತು. ಶಿವರಾಮ ಕಾರಂತರಿಗೆ ಕಥೆಗಾಗಿ, ವಾಸುದೇವರಾವ್ ಅವರಿಗೆ ಅಭಿನಯಕ್ಕಾಗಿ ರಾಷ್ಟ್ರಪ್ರಶಸ್ತಿ ಸಂದಿತು. ‘ಚೋಮನ ದುಡಿ ವಾಸುದೇವರಾವ್’ ಎಂಬುದೇ ಮುಂದೆ ಅವರ ಹೆಸರಾಯಿತು.

ಎರಡನೆಯ ದೊಡ್ಡ ಪಾತ್ರ ಬಂದದ್ದು ಬಂಗಾಳದ ಮೃಣಾಲ್ ಸೇನ್ ಅವರಿಂದ. ಪ್ರೇಮಚಂದರ ‘ಕಫನ್’ ಕತೆಯನ್ನು ಆಧರಿಸಿ ಸೇನ್ 1977ರಲ್ಲಿ ತೆಲುಗಿನಲ್ಲಿ ‘ಒಕ ಊರಿ ಕಥ’ ಮಾಡಿದರು. ಇಲ್ಲಿ ವಾಸುದೇವರಾವ್ ಮುದುಕ ವೆಂಕಯ್ಯ. ಬಡವ ಎಷ್ಟು ದುಡಿದರೂ ಕೊಬ್ಬುವವನು ಧಣಿಯೇ, ಆದ್ದರಿಂದ ದುಡಿಯಲೇಬಾರದು ಎಂಬುದು ಅವನ ಹಟ. ಮಗನನ್ನೂ ಆ ದಾರಿಗೆ ಎಳೆದಿದ್ದಾನೆ. ಮಮತಾ ಶಂಕರ್ ಅಭಿನಯಿಸಿದ ಸೊಸೆ ನೀಲಮ್ಮ ಹೆರಿಗೆಯಲ್ಲಿ ಸಾಯುತ್ತಾಳೆ. ಅವಳ ಶವಸಂಸ್ಕಾರಕ್ಕೆ ಅಪ್ಪ-ಮಗ ಊರಲ್ಲಿ ಹಣ ಬೇಡುತ್ತಾರೆ. ಈ ಚಿತ್ರಕ್ಕೆ ತೆಲುಗಿನ ಶ್ರೇಷ್ಠ ಚಿತ್ರ ರಾಷ್ಟ್ರಪ್ರಶಸ್ತಿಯೂ 1978ರ ಕಾರ್ಲೊವಿ ವಾರಿ ಚಿತ್ರೋತ್ಸವದಲ್ಲಿ ತೀರ್ಪುಗಾರರ ವಿಶೇಷ ಪ್ರಶಸ್ತಿಯೂ ಬಂದವು. ಕನ್ನಡದ ಜೊತೆ ತೆಲುಗೂ ಕೇಳಿಬರುವ ರಾಯಚೂರಿನಂಥ ಗಡಿಸೀಮೆಯ ಪ್ರೇಕ್ಷಕ ಈ ನಟನ ಎರಡೂ ಚಿತ್ರಗಳನ್ನು ನೇರವಾಗಿ ಸವಿಯಬಲ್ಲ.

ಎರಡು ಪಾತ್ರಗಳನ್ನು ಅಕ್ಕಪಕ್ಕ ಇಟ್ಟರೆ ನಟನ ಅಳವು ತಿಳಿಯುತ್ತದೆ. ಚೋಮನಿಗೆ ದುಡಿಯಲು ಸ್ವಂತ ನೆಲ ಬೇಕು, ವೆಂಕಯ್ಯನಿಗೆ ದುಡಿಮೆಯೇ ಬೇಡ. ಒಬ್ಬ ಮಕ್ಕಳಿಗಾಗಿ ಬೇಯುತ್ತಾನೆ, ಇನ್ನೊಬ್ಬ ಸಾಯುತ್ತಿರುವ ಸೊಸೆಯತ್ತಲೂ ತಿರುಗುವುದಿಲ್ಲ. ನೆಲವಿಲ್ಲದವನ ಶ್ರಮ ಯಾರ ಪಾಲು ಎಂಬ ಒಂದೇ ಪ್ರಶ್ನೆಗೆ ಇವು ಎದುರುಬದುರಾದ ಎರಡು ಉತ್ತರಗಳು. ಒಬ್ಬನ ಮೇಲೆ ಹುಟ್ಟುವ ಮರುಕವನ್ನು ಇನ್ನೊಬ್ಬನಿಗೆ ಎರವಲು ತರದೆ, ಇಬ್ಬರನ್ನೂ ನಂಬುವಂತೆ ಮಾಡಿದ್ದು ವಾಸುದೇವರಾವ್ ಅವರ ಹೆಚ್ಚುಗಾರಿಕೆ.

ಈ ಕೀರ್ತಿಯ ನಂತರವೂ ಅವರು ಪೋಷಕ ಪಾತ್ರಗಳಲ್ಲೇ ಮುಂದುವರಿದರು. ಮಣಿರತ್ನಂ ಅವರ ತಮಿಳು ಚಿತ್ರ ‘ನಾಯಗನ್’ (1987) ಕಂಡವರಿಗೆ ಅನಾಥ ವೇಲುವನ್ನು ಮುಂಬೈಯಲ್ಲಿ ಸಾಕುವ ಹುಸೇನ್ ಭಾಯಿ ನೆನಪಿರಬಹುದು. ಆ ಪಾತ್ರ ವಾಸುದೇವರಾವ್ ಅವರದೇ.

ಅವರ ನಂತರ ಕನ್ನಡ ಚಿತ್ರಗಳ ಅಭಿನಯಕ್ಕೆ ಶ್ರೇಷ್ಠ ನಟ ರಾಷ್ಟ್ರಪ್ರಶಸ್ತಿ ಬಂದದ್ದು ‘ತಬರನ ಕಥೆ’ಗೆ ಚಾರುಹಾಸನ್, ‘ನಾನು ಅವನಲ್ಲ ಅವಳು’ ಚಿತ್ರಕ್ಕೆ ಸಂಚಾರಿ ವಿಜಯ್, ‘ಕಾಂತಾರ’ಕ್ಕೆ ರಿಷಬ್ ಶೆಟ್ಟಿ ಅವರಿಗೆ. ಈ ಸಾಲಿನ ಮೊದಲ ಹೆಸರು ತಾರೆಯೊಬ್ಬರದಲ್ಲ, ಕಂಪನಿ ನಾಟಕದಿಂದ ಬಂದ ಪೋಷಕ ನಟನದು ಎಂಬುದು ಕನ್ನಡ ಚಿತ್ರರಂಗ ಹೆಮ್ಮೆಯಿಂದ ನೆನೆಯಬೇಕಾದ ಸಂಗತಿ.